ಒಂದು ಗಾದಿ, ಎರಡು ಹಕ್ಕು: ವಾರಣೆಯ ಒಪ್ಪಂದ



ಸಾಂಗಲಿಯ ಹತ್ತಿರ ಹರಿಪುರದಲ್ಲಿ ವಾರಣಾ ನದಿ ಬಂದು ಕೃಷ್ಣೆಯನ್ನು ಕೂಡುತ್ತದೆ. ಸಂಗಮೇಶ್ವರನ ದರ್ಶನಕ್ಕೆ ನಿಮ್ಮಲ್ಲಿ ಅನೇಕರು ಹೋಗಿರಬಹುದು. 1731ರಲ್ಲಿ ಈ ನದಿ ಎರಡು ರಾಜ್ಯಗಳ ನಡುವಿನ ಬಾಂದು ಆಯಿತು. ಉತ್ತರಕ್ಕೆ ಸಾತಾರೆ, ದಕ್ಷಿಣಕ್ಕೆ ಕೊಲ್ಹಾಪುರ. ನಮ್ಮ ಇಚಲಕರಂಜಿ, ಗಡಹಿಂಗ್ಲಜ ಎರಡೂ ಕೊಲ್ಹಾಪುರದ ಕಡೆಗೆ ಬಂದವು. ವಾರಣೆಯ ತಹನಾಮೆ ಎಂದು ಕರೆಯುವ ಆ ಒಪ್ಪಂದದ ವಿಷಯವನ್ನು ಇಂದು ನಿಮಗೆ ತಿಳಿಸಬೇಕೆಂದಿದ್ದೇನೆ.

ಇದರ ವಿಶೇಷವೇನೆಂದರೆ, ಒಪ್ಪಂದಕ್ಕೆ ಬಂದ ಇಬ್ಬರೂ ಶಿವಾಜಿ ಮಹಾರಾಜರ ಮೊಮ್ಮಕ್ಕಳು, ಇಬ್ಬರೂ ಛತ್ರಪತಿ ಎನಿಸಿಕೊಂಡವರು. ಸಾತಾರೆಯವರು ಹೇಳುವ ಇತಿಹಾಸ ಒಂದು, ಕೊಲ್ಹಾಪುರದವರು ಹೇಳುವ ಇತಿಹಾಸ ಇನ್ನೊಂದು. ಒಂದು ನಿಜವಾದರೆ ಇನ್ನೊಂದಕ್ಕೆ ಜಾಗವಿಲ್ಲ. ಹೀಗಿರುವವರು ಒಂದೇ ಕಾಗದಕ್ಕೆ ಒಪ್ಪಿದ್ದು ಹೇಗೆ?

ಜಗಳದ ಮೂಲ ಹೀಗಿದೆ. 1689ರಲ್ಲಿ ಸಂಭಾಜಿ ಮಹಾರಾಜರನ್ನು ಔರಂಗಜೇಬ ಕೊಲ್ಲಿಸಿದ. ಅವರ ಚಿಕ್ಕ ಮಗ ಶಾಹು ಮೊಗಲರ ಸೆರೆಗೆ ಸಿಕ್ಕ. ಸಂಭಾಜಿಯ ತಮ್ಮ ರಾಜಾರಾಮ ಜಿಂಜಿಗೆ ಪಾರಾಗಿ ಹೋದರು. ದಾರಿಯಲ್ಲಿ ಅವರಿಗೆ ಆಶ್ರಯ ಕೊಟ್ಟವಳು ನಮ್ಮ ಕೆಳದಿಯ ಚೆನ್ನಮ್ಮ. 1700ರಲ್ಲಿ ರಾಜಾರಾಮರು ತೀರಿಕೊಂಡ ಮೇಲೆ ಅವರ ರಾಣಿ ತಾರಾಬಾಯಿ ತನ್ನ ಮಗನನ್ನು ಗಾದಿಯ ಮೇಲೆ ಕೂಡಿಸಿ ತಾನೇ ಯುದ್ಧ ನಡೆಸಿದಳು. 1707ರಲ್ಲಿ ಔರಂಗಜೇಬ ಸತ್ತ, ಶಾಹುವಿನ ಬಿಡುಗಡೆಯಾಯಿತು.

ಶಾಹು ಹೇಳಿದ್ದು: ನಾನು ಹಿರಿಯ ಮಗನ ಮಗ, ಗಾದಿ ನನ್ನದು. ತಾರಾಬಾಯಿ ಹೇಳಿದ್ದು: ಹಿರಿಯರ ಕಾಲಕ್ಕೆ ಇದ್ದ ರಾಜ್ಯ ಅವರ ಕಾಲಕ್ಕೇ ಹೋಯಿತು, ಈಗ ಇರುವುದು ನನ್ನ ಗಂಡ ಮತ್ತು ನಾನು ಹೋರಾಡಿ ಉಳಿಸಿದ್ದು, ಇದು ನನ್ನ ಮಗನದು. ನೀವೇ ಪಂಚರಾಗಿ ಕೂತರೆ ಯಾರ ಮಾತನ್ನು ತೆಗೆದುಹಾಕುತ್ತೀರಿ? ಖೇಡದ ಲಡಾಯಿಯಲ್ಲಿ ಶಾಹು ಗೆದ್ದು 1708ರಲ್ಲಿ ಸಾತಾರೆಯಲ್ಲಿ ಪಟ್ಟಕ್ಕೆ ಬಂದರು. ತಾರಾಬಾಯಿ ಪನ್ಹಾಳಗಡದ ಕಡೆ ಬೇರೆ ಗಾದಿ ಹೂಡಿದಳು. 1714ರಲ್ಲಿ ಅವಳ ಸವತಿ ರಾಜಸಬಾಯಿಯ ಮಗ ಎರಡನೇ ಸಂಭಾಜಿ ಆ ಗಾದಿಗೆ ಬಂದು, ತಾರಾಬಾಯಿಯೇ ಸೆರೆಮನೆ ಸೇರಿದಳು.

ಇಬ್ಬರ ಜಗಳ ಮೂರನೆಯವನಿಗೆ ಲಾಭ. ದಖ್ಖನದ ಸುಭೆಗಳಿಂದ ಚೌಥಾಯಿ ವಸೂಲಿಯ ಹಕ್ಕು ಶಾಹುವಿಗೆ ಇತ್ತು. 1727ರಲ್ಲಿ ಹೈದರಾಬಾದಿನ ನಿಜಾಮ ಒಂದು ಉಪಾಯ ಮಾಡಿದ. ನಿಮ್ಮಲ್ಲಿ ನಿಜವಾದ ವಾರಸುದಾರ ಯಾರೆಂದು ಮೊದಲು ತೀರ್ಮಾನವಾಗಲಿ, ಅಲ್ಲಿಯ ತನಕ ಹಣ ಕೊಡುವುದಿಲ್ಲ ಎಂದ. ನಾನು ಬ್ಯಾಂಕಿನಲ್ಲಿ ಗುಮಾಸ್ತನಾಗಿದ್ದವನು, ಈ ಮಾತು ನನಗೆ ಚೆನ್ನಾಗಿ ಅರ್ಥವಾಗುತ್ತದೆ. ಒಂದೇ ಖಾತೆಗೆ ಇಬ್ಬರು ಹಕ್ಕುದಾರರು ಬಂದರೆ ಬ್ಯಾಂಕು ಇಬ್ಬರಿಗೂ ಹಣ ಕೊಡುವುದಿಲ್ಲ. ಬ್ಯಾಂಕು ಮಾಡುವುದು ಕಾಯಿದೆಗಾಗಿ; ನಿಜಾಮ ಮಾಡಿದ್ದು ಹಣ ಉಳಿಸಿಕೊಳ್ಳುವುದಕ್ಕಾಗಿ. ಕೊಲ್ಹಾಪುರದ ಸಂಭಾಜಿ ನಿಜಾಮನ ಪಕ್ಷ ಸೇರಿದರು. 1728ರಲ್ಲಿ ಪೇಶವೆ ಬಾಜೀರಾವ ಪಾಲಖೇಡದಲ್ಲಿ ನಿಜಾಮನನ್ನು ಮಣಿಸಿದ. 1730ರಲ್ಲಿ ಶ್ರೀಪತರಾವ ಪ್ರತಿನಿಧಿಯ ದಂಡು ಸಂಭಾಜಿಯ ಬೀಡಿನ ಮೇಲೆ ಬಿದ್ದು ಗೆದ್ದಿತು. ಮುಂದಿನ ವರ್ಷ ಅಣ್ಣ ತಮ್ಮ ಕರಾಡದ ಹತ್ತಿರ ಭೇಟಿಯಾದರು. 1731ರ ಏಪ್ರಿಲ್ 13ಕ್ಕೆ ತಹನಾಮೆ ಆಯಿತು.

ಕಲಮುಗಳನ್ನು ನೋಡಿದರೆ ನಮ್ಮ ಹಳ್ಳಿಯ ವಾಟ್ನಿ ಪತ್ರದಂತೆಯೇ ಇವೆ. ವಾರಣೆಯ ದಕ್ಷಿಣಕ್ಕೆ, ಕೃಷ್ಣಾ ಸಂಗಮದಿಂದ ತುಂಗಭದ್ರೆಯ ತನಕ ಕೋಟೆ ಠಾಣೆಗಳ ಸಮೇತ ಕೊಲ್ಹಾಪುರಕ್ಕೆ. ಕೊಂಕಣದಲ್ಲಿ ಸಾಳಶಿಯಿಂದ ಅಂಕೋಲೆಯ ವರೆಗೆ ಕೊಲ್ಹಾಪುರಕ್ಕೆ. ರತ್ನಾಗಿರಿ ಕೋಟೆಗೆ ಬದಲಾಗಿ ಕೊಪ್ಪಳದ ಕೋಟೆ. ಮಿರಜ, ತಾಸಗಾಂವ, ಅಥಣಿಯ ಠಾಣೆಗಳು ಸಾತಾರೆಗೆ. ಒಬ್ಬರ ವೈರಿಯನ್ನು ಇನ್ನೊಬ್ಬರೂ ವೈರಿಯೆಂದೇ ತಿಳಿಯಬೇಕು. ಒಬ್ಬರು ಬಿಡಿಸಿದ ಚಾಕರನನ್ನು ಇನ್ನೊಬ್ಬರು ಇಟ್ಟುಕೊಳ್ಳಬಾರದು.

ಈ ಕೊನೆಯ ಕಲಮು ಚಿಕ್ಕದೆಂದು ಕಾಣುತ್ತದೆ, ಆದರೆ ಬಹಳ ತೂಕದ್ದು. ಎರಡು ಗಾದಿ ಇದ್ದಾಗ ಸರದಾರರಿಗೆ ಸುಗ್ಗಿ. ಇಲ್ಲಿ ಮುನಿಸಾದರೆ ಅಲ್ಲಿಗೆ, ಅಲ್ಲಿ ಮುನಿಸಾದರೆ ಇಲ್ಲಿಗೆ. ಆ ಬಾಗಿಲನ್ನು ಮುಚ್ಚುವ ಪ್ರಯತ್ನ ಇದು. ಆದರೂ ಪೂರ್ತಿ ಮುಚ್ಚುವುದು ಸಾಧ್ಯವಿತ್ತೆ? ಇಚಲಕರಂಜಿಯ ವೆಂಕಟರಾವ ಘೋರ್ಪಡೆಯ ಹೆಂಡತಿ ಅನುಬಾಯಿ ಬಾಜೀರಾವ ಪೇಶವೆಯ ಸ್ವಂತ ತಂಗಿ. ಊರು ಕೊಲ್ಹಾಪುರದ ಕಡೆ, ಬೀಗತನ ಪೇಶವೆಯ ಕಡೆ. ನದಿ ನೆಲವನ್ನು ಹಂಚಬಹುದು, ನೆಂಟಸ್ತನವನ್ನು ಹಂಚಲಾರದು. ಗಡಿಯಲ್ಲಿ ಬಾಳುವ ನಿಮಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ.

ಇನ್ನೊಂದು ಕಲಮು ವಿಚಿತ್ರವಾಗಿದೆ. ತುಂಗಭದ್ರೆಯಿಂದ ರಾಮೇಶ್ವರದ ತನಕ ಮುಂದೆ ಗೆದ್ದದ್ದನ್ನು ಅರ್ಧರ್ಧ ಹಂಚಿಕೊಳ್ಳಬೇಕು ಎಂದಿದೆ. ಆಗ ಆ ಕಡೆ ಮೈಸೂರಿನ ಒಡೆಯರಿದ್ದರು, ಆರ್ಕಾಟಿನ ನವಾಬನಿದ್ದ, ತಂಜಾವೂರಿನಲ್ಲಿ ಇದೇ ಭೋಸಲೆ ಮನೆತನದ ಇನ್ನೊಂದು ಶಾಖೆ ಇತ್ತು. ಕೈಗೆ ಬಾರದ ರಾಜ್ಯದ ವಾಟ್ನಿ ಕಾಗದದ ಮೇಲೆ ಆಗಿಹೋಯಿತು. ಆ ಹಂಚಿಕೆ ನಡೆಯುವ ಕಾಲ ಬರಲೇ ಇಲ್ಲ.

ಈಗ ಮೊದಲಿನ ಪ್ರಶ್ನೆಗೆ ಬರೋಣ. ಈ ಕಲಮುಗಳು ನದಿ, ಕೋಟೆ, ಠಾಣೆ, ಚಾಕರಿಯ ಮಾತನ್ನು ಆಡುತ್ತವೆ. ಯಾರ ಇತಿಹಾಸ ಖರೆ ಎಂಬುದರ ಗೋಜಿಗೆ ಹೋಗುವುದಿಲ್ಲ. ಹಾಗೆ ಬಿಟ್ಟದ್ದರಿಂದಲೇ ಒಪ್ಪಂದ ಸಾಧ್ಯವಾಯಿತು. ಅಣ್ಣ ತಮ್ಮಂದಿರ ಯುದ್ಧ ನಿಂತಿತು, ಈ ಸೀಮೆಯ ರೈತನಿಗೆ ಎರಡು ದಂಡುಗಳ ಕಾಟ ತಪ್ಪಿತು.

ಆದರೆ ಬಿಟ್ಟ ಪ್ರಶ್ನೆ ಸಾಯಲಿಲ್ಲ. 1749ರಲ್ಲಿ ಶಾಹು ಗಂಡು ವಾರಸುದಾರನಿಲ್ಲದೆ ತೀರಿಕೊಂಡಾಗ ಸಾತಾರೆಯ ಗಾದಿ ಯಾರಿಗೆ ಎಂಬ ಮಾತು ಮತ್ತೆ ಎದ್ದಿತು. ತಾರಾಬಾಯಿ ರಾಮರಾಜನೆಂಬ ಹುಡುಗನನ್ನು ತನ್ನ ಮೊಮ್ಮಗನೆಂದು ಮುಂದೆ ತಂದಳು. ಅವನು ಪಟ್ಟಕ್ಕೆ ಬಂದ ಮೇಲೆ ಅವನನ್ನು ಸೆರೆಯಲ್ಲಿಟ್ಟು, ಇವನು ಮೊಮ್ಮಗನೇ ಅಲ್ಲ ಎಂದಳು. 1848ರಲ್ಲಿ ಇಂಗ್ಲಿಷರು ಸಾತಾರೆಯನ್ನು ನುಂಗಿದರು. ಕೊಲ್ಹಾಪುರ ಸಂಸ್ಥಾನ 1949ರಲ್ಲಿ ಮುಂಬಯಿ ಪ್ರಾಂತದಲ್ಲಿ ವಿಲೀನವಾಯಿತು.

ನಿಮ್ಮ ಊರಲ್ಲಿಯೂ ಅಣ್ಣ ತಮ್ಮಂದಿರ ವಾಟ್ನಿಗೆ ಹಿರಿಯರಾಗಿ ಕೂಡುವ ಪ್ರಸಂಗ ಬರುತ್ತದೆ. ಅಪ್ಪ ಯಾರಿಗೆ ಏನು ಹೇಳಿದ್ದ ಎಂಬ ವಾದದಿಂದ ಆರಂಭಿಸಿದರೆ ರಾತ್ರಿ ಕಳೆದರೂ ಮುಗಿಯದು. ಮೊದಲು ಬಾಂದು ಗುರುತಿಸಿರಿ, ಬಾವಿಯ ನೀರಿನ ಪಾಳಿ ಬರೆಯಿರಿ. ಹೊಲ ಬೀಳು ಬೀಳದಂತೆ ನೋಡಿಕೊಳ್ಳಿರಿ. ಆದರೆ ಉಳಿದ ಮಾತು ತೀರಿತೆಂದು ಮರೆತುಬಿಡಬೇಡಿರಿ. ಮುಂದಿನ ಪೀಳಿಗೆಗೆ ಅದು ಮತ್ತೆ ಏಳದ ಹಾಗೆ, ಮನಸ್ಸು ತಣ್ಣಗಾದ ಮೇಲೆ ಕೂತು ಅದನ್ನೂ ಮುಗಿಸಿರಿ.