ನೇಕಾರರ ಬೀದಿಯಲ್ಲಿ ಅಧ್ಯಯನ ನಡಿಗೆ: ದೊಡ್ಡಬಳ್ಳಾಪುರದ ನಿದರ್ಶನ

೧

ಊರಿನ ಒಂದು ಭಾಗವನ್ನು ಬಲ್ಲವರೊಬ್ಬರ ಮಾರ್ಗದರ್ಶನದಲ್ಲಿ ಕಾಲ್ನಡಿಗೆಯಿಂದ ನೋಡುವ ಪದ್ಧತಿ ಈಗ ನಮ್ಮಲ್ಲಿಯೂ ಬಳಕೆಗೆ ಬಂದಿದೆ. ಬೆಂಗಳೂರಿನ ಹಳೆಯ ಪೇಟೆಯಲ್ಲಿ, ಬಸವನಗುಡಿ ಮಲ್ಲೇಶ್ವರಗಳಲ್ಲಿ, ರಜೆಯ ದಿನ ಬೆಳಗ್ಗೆ ಹತ್ತಿಪ್ಪತ್ತು ಜನರ ಗುಂಪೊಂದು ಅಲ್ಲಲ್ಲಿ ನಿಂತು ವಿವರಣೆ ಕೇಳುತ್ತ ಬೀದಿಯಿಂದ ಬೀದಿಗೆ ಸಾಗುವುದು ಇಂದು ಅಪರೂಪದ ನೋಟವಲ್ಲ. ಪಾಶ್ಚಾತ್ಯ ನಗರಗಳಲ್ಲಂತೂ ಇದು ಒಂದು ಉದ್ಯಮವೇ ಆಗಿದೆ. ಅಲ್ಲಿ ಇಂತಹ ನಡಿಗೆಗೆ ವಿಶೇಷವಾಗಿ ಆರಿಸಿಕೊಳ್ಳುವುದು ಕಲಾವಿದರು ನೆಲಸಿರುವ, ಚಿತ್ರಶಾಲೆಗಳೂ ಕಾಫಿಗೃಹಗಳೂ ತುಂಬಿರುವ, ಹೊಸ ಅಭಿರುಚಿಯ ಜನ ಬಯಸಿ ಬರುವ ಬಡಾವಣೆಗಳನ್ನು. ಈ ಬಡಾವಣೆಗಳಲ್ಲಿ ಕೆಲವು ಒಂದು ಕಾಲಕ್ಕೆ ನೇಕಾರರ ಬೀದಿಗಳಾಗಿದ್ದುವೆಂಬುದು ಗಮನಾರ್ಹವಾದ ಸಂಗತಿ. ಅಲ್ಲಿ ಮಗ್ಗಗಳು ನಿಂತುಹೋಗಿ ಬಹುಕಾಲವಾದ ಮೇಲೆ ನಡಿಗೆಗಳು ಪ್ರಾರಂಭವಾದುವು.

ನಮ್ಮ ಬೆಂಗಳೂರು ಗ್ರಾಮಾಂತರ ಪ್ರದೇಶದ ದೊಡ್ಡಬಳ್ಳಾಪುರದಲ್ಲಿ ಪರಿಸ್ಥಿತಿ ಬೇರೆ. ಅಲ್ಲಿ ಮಗ್ಗಗಳು ಇನ್ನೂ ನಡೆಯುತ್ತಿವೆ. ಆದುದರಿಂದ ಅಲ್ಲಿ ಏರ್ಪಡಿಸುವ ನಡಿಗೆಯ ಸ್ವರೂಪವೂ ಬೇರೆಯಾಗಬೇಕು. ಅದು ಹೇಗೆ, ಏಕೆ ಎಂಬುದನ್ನು ವಿವರಿಸುವುದು ಪ್ರಸ್ತುತ ಲೇಖನದ ಉದ್ದೇಶ.

೨

ನಡೆದು ನೋಡುವುದನ್ನು ಊರಿನ ಅಧ್ಯಯನಕ್ಕೆ ಒಂದು ಸಾಧನವನ್ನಾಗಿ ಮಾಡಿದವರಲ್ಲಿ ಸ್ಕಾಟ್ಲೆಂಡಿನ ಪ್ಯಾಟ್ರಿಕ್ ಗೆಡ್ಡೆಸ್ (೧೮೫೪-೧೯೩೨) ಪ್ರಮುಖರು. ಅವರು ೧೯೧೪ರಲ್ಲಿ ಭಾರತಕ್ಕೆ ಬಂದು ಅನೇಕ ಊರುಗಳನ್ನು ಪರಿಶೀಲಿಸಿ ವರದಿಗಳನ್ನು ಬರೆದರು. ೧೯೧೯ರಲ್ಲಿ ಮುಂಬಯಿ ವಿಶ್ವವಿದ್ಯಾನಿಲಯದಲ್ಲಿ ಸಮಾಜಶಾಸ್ತ್ರದ ಪ್ರಾಧ್ಯಾಪಕರಾದರು. ನಕ್ಷೆಯ ಮೇಲೆ ಗೆರೆ ಎಳೆದು ಬೀದಿಯನ್ನು ಅಗಲಿಸುವ ಮೊದಲು ಆ ಬೀದಿಯಲ್ಲಿ ನಡೆದು, ಅಲ್ಲಿ ಏನು ನಡೆಯುತ್ತಿದೆಯೆಂಬುದನ್ನು ತಿಳಿಯಬೇಕೆಂಬುದು ಅವರ ನಿಲುವು. ಊರನ್ನು ಅರಿಯಲು ಅವರು ಮೂರು ಮಾತುಗಳನ್ನು ಆಧಾರವಾಗಿಟ್ಟುಕೊಂಡರು: ಸ್ಥಳ, ಕೆಲಸ, ಜನ. ಈ ಮೂರೂ ಒಂದಕ್ಕೊಂದು ಹೆಣೆದುಕೊಂಡಿವೆ. ಒಂದನ್ನು ಬಿಟ್ಟು ಮತ್ತೊಂದನ್ನು ತಿಳಿಯಲಾಗದು.

ಇಂದಿನ ವಿಹಾರ ನಡಿಗೆಗಳನ್ನು ಈ ಅಳತೆಗೋಲಿನಿಂದ ನೋಡಿದರೆ ಅವುಗಳ ಕೊರತೆ ಸ್ಪಷ್ಟವಾಗುತ್ತದೆ. ಅವು ಸ್ಥಳವನ್ನು ಚೆನ್ನಾಗಿ ತೋರಿಸುತ್ತವೆ. ಹಳೆಯ ಮನೆ, ಗುಡಿ, ಗೋಡೆಯ ಚಿತ್ರ, ತಿಂಡಿಯ ಅಂಗಡಿ ಇವೆಲ್ಲ ಕಣ್ಣಿಗೆ ಬೀಳುತ್ತವೆ. ಜನರ ವಿಷಯವಾಗಿ ಒಂದೆರಡು ಕಥೆಗಳೂ ಕಿವಿಗೆ ಬೀಳುತ್ತವೆ. ಕೆಲಸ ಮಾತ್ರ ಕಾಣುವುದಿಲ್ಲ. ಕೆಲಸ ಗೋಡೆಯ ಒಳಗಡೆ ನಡೆಯುತ್ತದೆ. ಅಥವಾ ಅದು ಅಲ್ಲಿಂದ ಆಗಲೇ ಹೊರಟುಹೋಗಿರುತ್ತದೆ.

೩

ಕೆಲಸ ಹೊರಟುಹೋದ ಬೀದಿಗಳಿಗೆ ಎರಡು ನಿದರ್ಶನಗಳನ್ನು ಕೊಡಬಹುದು. ಮೊದಲನೆಯದು ಲಂಡನ್ನಿನ ಸ್ಪಿಟಲ್‌ಫೀಲ್ಡ್ಸ್. ಫ್ರಾನ್ಸಿನಲ್ಲಿ ೧೬೮೫ರಲ್ಲಿ ಪ್ರಾಟೆಸ್ಟಂಟರ ಧರ್ಮಸ್ವಾತಂತ್ರ್ಯ ರದ್ದಾದಾಗ ಅಲ್ಲಿಂದ ವಲಸೆ ಹೋದ ಹ್ಯೂಗನಾಟ್ ನೇಕಾರರು ಇಲ್ಲಿ ರೇಷ್ಮೆಯ ಕಸುಬನ್ನು ಬೆಳೆಸಿದರು. ಮಗ್ಗಕ್ಕೆ ಬೆಳಕು ಬೀಳಲೆಂದು ಮನೆಗಳ ಮೇಲಂತಸ್ತಿಗೆ ಅಗಲವಾದ ಕಿಟಕಿಗಳನ್ನು ಇಟ್ಟರು. ನೆಯ್ಗೆಯ ಕೂಲಿಯನ್ನು ನ್ಯಾಯಾಧಿಕಾರಿಗಳು ನಿಗದಿಮಾಡಬೇಕೆಂಬ ಕಾನೂನು ೧೭೭೩ರಲ್ಲಿ ಬಂದು ೧೮೨೪ರಲ್ಲಿ ರದ್ದಾಯಿತು. ೧೮೬೦ರಲ್ಲಿ ಫ್ರಾನ್ಸಿನೊಡನೆ ಆದ ವಾಣಿಜ್ಯ ಒಪ್ಪಂದದಿಂದ ಅಲ್ಲಿನ ರೇಷ್ಮೆ ಸುಂಕವಿಲ್ಲದೆ ಒಳಬಂದಿತು. ಕಸುಬು ಅಳಿಯಿತು. ಇಂದು ಅದೇ ಮನೆಗಳು ಬಹಳ ಬೆಲೆಬಾಳುತ್ತವೆ. ಮಾರ್ಗದರ್ಶಿಗಳು ಬೀದಿಯಲ್ಲಿ ನಿಂತು ಆ ಕಿಟಕಿಗಳನ್ನು ಬೆರಳಿಟ್ಟು ತೋರಿಸುತ್ತಾರೆ.

ಎರಡನೆಯದು ಫ್ರಾನ್ಸಿನ ಲಿಯೋಂ ನಗರದ ಕ್ರ್ವಾ-ರೂಸ್ ಎಂಬ ಗುಡ್ಡದ ಬಡಾವಣೆ. ಜೋಸೆಫ್ ಮರೀ ಜಕಾರ್ಡ್ ೧೮೦೪ರ ಸುಮಾರಿಗೆ ರೂಪಿಸಿದ ಯಂತ್ರವನ್ನು ಮಗ್ಗದ ಮೇಲೆ ಕೂಡಿಸಲು ಎತ್ತರ ಬೇಕಾಗಿತ್ತು. ಆದುದರಿಂದ ಇಲ್ಲಿನ ಮನೆಗಳ ಮಾಳಿಗೆಯನ್ನು ಸುಮಾರು ನಾಲ್ಕು ಮೀಟರ್ ಎತ್ತರಕ್ಕೆ ಕಟ್ಟಿದರು. ಕೂಲಿಯ ದರ ನಿಗದಿಯಾಗಬೇಕೆಂದು ಇಲ್ಲಿನ ನೇಕಾರರು ೧೮೩೧ರಲ್ಲಿ ದಂಗೆಯೆದ್ದರು. ೧೮೩೪ರಲ್ಲಿ ಮತ್ತೆ ಎದ್ದರು. ೧೯೯೮ರಲ್ಲಿ ಈ ಗುಡ್ಡದ ಇಳಿಜಾರನ್ನೊಳಗೊಂಡ ಲಿಯೋಂ ನಗರದ ಹಳೆಯ ಭಾಗ ಯುನೆಸ್ಕೋ ವಿಶ್ವಪರಂಪರೆಯ ಪಟ್ಟಿಗೆ ಸೇರಿತು. ಎತ್ತರದ ಮಾಳಿಗೆಯುಳ್ಳ ಮನೆಗಳಲ್ಲಿ ಈಗ ಕಲಾವಿದರೂ ಅನುಕೂಲಸ್ಥರೂ ವಾಸಿಸುತ್ತಾರೆ. ಮಗ್ಗವನ್ನು ನೋಡಬೇಕೆಂದರೆ ವಸ್ತುಸಂಗ್ರಹಾಲಯಕ್ಕೆ ಹೋಗಬೇಕು.

ಶ್ರಮಿಕರ ಬಡಾವಣೆಗೆ ಅನುಕೂಲಸ್ಥರು ಬಂದು ನೆಲಸಿ, ಬಾಡಿಗೆ ಏರಿ, ಮೊದಲಿದ್ದವರು ಸ್ಥಳಬಿಡುವಂತಾಗುವ ಈ ಬದಲಾವಣೆಗೆ ೧೯೬೪ರಲ್ಲಿ ರೂತ್ ಗ್ಲಾಸ್ ಎಂಬ ಸಮಾಜಶಾಸ್ತ್ರಜ್ಞೆ ‘ಜೆಂಟ್ರಿಫಿಕೇಶನ್’ ಎಂಬ ಹೆಸರನ್ನು ಕೊಟ್ಟರು. ನಡಿಗೆಗಳೇ ಇದಕ್ಕೆ ಕಾರಣವೆಂದು ಹೇಳುವುದು ಸರಿಯಲ್ಲ. ಆದರೆ ಒಂದು ಬೀದಿಯನ್ನು ನೋಡತಕ್ಕ ಸ್ಥಳವೆಂದು ಸಾರುವ ಕೆಲಸದಲ್ಲಿ ಅವುಗಳಿಗೂ ಪಾಲುಂಟು.

೪

ಈಗ ನಮ್ಮ ಊರಿಗೆ ಬರೋಣ. ದೊಡ್ಡಬಳ್ಳಾಪುರ ಬೆಂಗಳೂರಿನಿಂದ ಉತ್ತರಕ್ಕೆ ಸುಮಾರು ೪೦ ಕಿಲೋಮೀಟರ್ ದೂರದಲ್ಲಿದೆ. ದೇವನಹಳ್ಳಿ, ಚಿಕ್ಕಬಳ್ಳಾಪುರಗಳಂತೆ ಇದೂ ಆವತಿ ನಾಡಪ್ರಭುಗಳ ಮನೆತನದ ಚರಿತ್ರೆಗೆ ಸೇರಿದ ಊರು. ಆದರೆ ಇಂದು ಈ ಊರಿನ ಹೆಸರು ಕೇಳಿದೊಡನೆ ನೆನಪಿಗೆ ಬರುವುದು ಕೋಟೆಯಲ್ಲ, ಸೀರೆ. ದೇವಾಂಗ, ಪದ್ಮಶಾಲಿ, ತೊಗಟ ಮೊದಲಾದ ನೇಕಾರ ಸಮುದಾಯಗಳು ಇಲ್ಲಿ ನೆಲಸಿವೆ. ಹುಟ್ಟಿನಿಂದ ನೇಕಾರರಲ್ಲದ ಅನೇಕರೂ ಈ ಕಸುಬಿಗೆ ಬಂದಿದ್ದಾರೆ. ಕೈಮಗ್ಗದ ಸ್ಥಾನವನ್ನು ಬಹುಮಟ್ಟಿಗೆ ವಿದ್ಯುತ್ ಮಗ್ಗ ಆಕ್ರಮಿಸಿದೆ. ಶುದ್ಧ ರೇಷ್ಮೆಯ ಸೀರೆಯೊಡನೆ ಕೃತಕ ರೇಷ್ಮೆಯ ಸೀರೆಯೂ ಇಲ್ಲಿ ತಯಾರಾಗುತ್ತದೆ.

ಗಮನಿಸಬೇಕಾದ ಮುಖ್ಯ ಅಂಶವೆಂದರೆ, ಇಲ್ಲಿನ ಮಗ್ಗಗಳೆಲ್ಲ ದೊಡ್ಡ ಗಿರಣಿಗಳಲ್ಲಿ ಇಲ್ಲ. ಎರಡು ಮಗ್ಗ, ನಾಲ್ಕು ಮಗ್ಗ ಎಂಬ ಲೆಕ್ಕದಲ್ಲಿ ವಾಸದ ಮನೆಗೆ ಸೇರಿದ ಕೊಠಡಿಗಳಲ್ಲಿಯೇ ಎಷ್ಟೋ ಮಗ್ಗಗಳು ನಡೆಯುತ್ತವೆ. ಅಡಿಗೆಮನೆಗೂ ಮಗ್ಗದ ಕೋಣೆಗೂ ನಡುವೆ ಒಂದೇ ಗೋಡೆ. ಆದುದರಿಂದ ಇಲ್ಲಿ ಬೀದಿ ಎಂಬುದು ವಾಸದ ಸ್ಥಳವೂ ಹೌದು, ಕಾರ್ಖಾನೆಯೂ ಹೌದು. ಬೀದಿಗೆ ಕಾಲಿಟ್ಟವನಿಗೆ ಮೊದಲು ದೊರಕುವುದು ನೋಟವಲ್ಲ, ಮಗ್ಗದ ಸದ್ದು.

೫

ಇಂತಹ ಊರಿನಲ್ಲಿ ನಡಿಗೆ ಕಟ್ಟಡಗಳ ಕಾಲಾನುಕ್ರಮವನ್ನು ಹಿಡಿದು ಸಾಗಬೇಕಾಗಿಲ್ಲ. ನೂಲು ಸಾಗುವ ದಾರಿಯನ್ನು ಹಿಡಿಯುವುದು ಉಚಿತ. ಆ ದಾರಿ ಊರಿನ ಹೊರಗಡೆಯೇ ಆರಂಭವಾಗುತ್ತದೆ. ದೇವನಹಳ್ಳಿ ತಾಲ್ಲೂಕಿನ ವಿಜಯಪುರದಲ್ಲಿಯೂ ನೆರೆಯ ಶಿಡ್ಲಘಟ್ಟದಲ್ಲಿಯೂ ರೇಷ್ಮೆಗೂಡಿನ ಮಾರುಕಟ್ಟೆಗಳಿವೆ. ಒಂದು ಗೂಡಿನಲ್ಲಿ ಹಲವು ನೂರು ಮೀಟರ್ ಉದ್ದದ ಎಳೆಯಿರುತ್ತದೆ. ಅದು ಬಹಳ ನವುರಾದುದರಿಂದ ಹಲವು ಗೂಡುಗಳ ಎಳೆಗಳನ್ನು ಕೂಡಿಸಿ ನೂಲು ಬಿಚ್ಚುತ್ತಾರೆ.

ನಡಿಗೆಯ ಮೊದಲ ನಿಲುಗಡೆ ನೂಲನ್ನು ಹುರಿಮಾಡುವ ಸ್ಥಳ. ಹುರಿ ಹೆಚ್ಚಿದಂತೆ ಬಟ್ಟೆಯ ಗುಣ ಬದಲಾಗುತ್ತದೆಂಬುದನ್ನು ಇಲ್ಲಿ ಕೈಯಿಂದ ಮುಟ್ಟಿ ತಿಳಿಯಬಹುದು. ಎರಡನೆಯದು ಬಣ್ಣದ ಮನೆ. ಹಸಿ ರೇಷ್ಮೆಯ ತೂಕದಲ್ಲಿ ಐದನೆಯ ಒಂದು ಭಾಗದಿಂದ ನಾಲ್ಕನೆಯ ಒಂದು ಭಾಗದವರೆಗೆ ಅಂಟಿರುತ್ತದೆ. ಸಾಬೂನಿನ ನೀರಿನಲ್ಲಿ ಕುದಿಸಿ ಆ ಅಂಟನ್ನು ಕಳೆದ ಮೇಲೆಯೇ ರೇಷ್ಮೆಗೆ ಹೊಳಪೂ ಮೃದುತ್ವವೂ ಬರುತ್ತವೆ. ಈ ನೀರು ಎಲ್ಲಿಂದ ಬರುತ್ತದೆ, ಬಣ್ಣ ಬೆರೆತ ಮೇಲೆ ಎಲ್ಲಿಗೆ ಹೋಗುತ್ತದೆ ಎಂಬ ಪ್ರಶ್ನೆಯನ್ನು ನಡಿಗೆಯವರು ಕೇಳದೆ ಮುಂದೆ ಹೋಗಬಾರದು.

ಮೂರನೆಯದು ಹಾಸನ್ನು ಸಿದ್ಧಪಡಿಸುವ ಸ್ಥಳ. ಒಂದು ರೇಷ್ಮೆಸೀರೆಯ ಅಗಲಕ್ಕೆ ಕೆಲವು ಸಾವಿರ ಎಳೆಗಳು ಬೇಕು. ಹಳೆಯ ಹಾಸು ಮುಗಿದಾಗ ಅದರ ಒಂದೊಂದು ಎಳೆಗೂ ಹೊಸ ಹಾಸಿನ ಒಂದೊಂದು ಎಳೆಯನ್ನು ಕೂಡಿಸಬೇಕು. ಹಾಸುಹೊಕ್ಕು ಎಂಬ ಮಾತನ್ನು ನಾವು ದಿನವೂ ಬಳಸುತ್ತೇವೆ; ಅದರ ಹಿಂದಿರುವ ತಾಳ್ಮೆಯನ್ನು ಇಲ್ಲಿ ಕಾಣಬಹುದು.

ನಾಲ್ಕನೆಯದು ಮಗ್ಗದ ಕೋಣೆ. ಮಗ್ಗದ ಮೇಲೆ ಜಕಾರ್ಡ್ ಯಂತ್ರವಿರುತ್ತದೆ. ಸೆರಗು, ಅಂಚು, ಬುಟ್ಟಾಗಳ ವಿನ್ಯಾಸವನ್ನು ರಟ್ಟಿನ ಪಟ್ಟಿಗಳ ಮೇಲೆ ರಂಧ್ರಗಳ ರೂಪದಲ್ಲಿ ಹೊಡೆದಿರುತ್ತಾರೆ. ರಂಧ್ರವಿದ್ದ ಕಡೆ ಹಾಸಿನ ಎಳೆ ಮೇಲೇಳುತ್ತದೆ, ಇಲ್ಲದ ಕಡೆ ಕೆಳಗೇ ಉಳಿಯುತ್ತದೆ. ನಡುವೆ ಹೊಕ್ಕು ಹಾಯುತ್ತದೆ. ಒಂದು ಪಟ್ಟಿಗೆ ಒಂದು ಹೊಕ್ಕು. ಈಗ ಕೆಲವು ಮಗ್ಗಗಳಲ್ಲಿ ರಟ್ಟಿನ ಬದಲು ಗಣಕಯಂತ್ರದಿಂದ ನಡೆಯುವ ಜಕಾರ್ಡ್ ಬಂದಿದೆ. ಕ್ರ್ವಾ-ರೂಸ್ ಗುಡ್ಡದಲ್ಲಿ ವಸ್ತುಸಂಗ್ರಹಾಲಯಕ್ಕೆ ಸೇರಿದ ತತ್ತ್ವ ಇಲ್ಲಿ ಮನೆಯ ಅನ್ನಕ್ಕೆ ಆಧಾರವಾಗಿದೆ.

ಕೊನೆಯ ನಿಲುಗಡೆ ಸೀರೆ ಕೈಬದಲಾಗುವ ಅಂಗಡಿ. ಇದನ್ನು ಬಿಟ್ಟರೆ ನಡಿಗೆ ಅಪೂರ್ಣ.

೬

ಕಣ್ಣಿಗೆ ಕಾಣದ ಸಂಗತಿಗಳನ್ನು ವಿವರಿಸುವುದು ಮಾರ್ಗದರ್ಶಿಯ ನಿಜವಾದ ಕರ್ತವ್ಯ. ಅವುಗಳಲ್ಲಿ ಮೊದಲನೆಯದು ಕೂಲಿ. ಅನೇಕ ನೇಕಾರರು ನೂಲನ್ನು ಸಾಹುಕಾರರಿಂದ ಪಡೆದು, ನೆಯ್ದ ಸೀರೆಗೆ ಇಷ್ಟೆಂದು ಕೂಲಿ ಪಡೆಯುತ್ತಾರೆ. ಮಗ್ಗ ಸ್ವಂತದ್ದಾದರೂ ಅದರ ಮೇಲಿರುವ ನೂಲು ಪರರದ್ದು. ನೂಲಿನ ಬೆಲೆ ಏರಿದರೆ, ಸೀರೆಯ ಬೇಡಿಕೆ ಇಳಿದರೆ, ಮೊದಲು ನಿಲ್ಲುವುದು ಮನೆಯ ಮಗ್ಗ. ೧೮೩೧ರಲ್ಲಿ ಲಿಯೋಂ ನೇಕಾರರು ಎತ್ತಿದ ಪ್ರಶ್ನೆ ಇಂತಹ ಪದ್ಧತಿಯಿಂದಲೇ ಹುಟ್ಟಿದುದು.

ಎರಡನೆಯದು ಹೆಂಗಸರ ಕೆಲಸ. ನೂಲು ಸುತ್ತುವುದು, ತುಂಡಾದ ಎಳೆಯನ್ನು ಕೂಡಿಸುವುದು, ನೆಯ್ದ ಸೀರೆಯನ್ನು ಒಪ್ಪಮಾಡುವುದು ಇವೆಲ್ಲ ಅಡಿಗೆ ಮತ್ತು ಮಕ್ಕಳ ಆರೈಕೆಯ ನಡುವೆ ಸಾಗುತ್ತವೆ. ಇವು ಎಷ್ಟೋ ವೇಳೆ ಲೆಕ್ಕಕ್ಕೆ ಬರುವುದಿಲ್ಲ.

ಮೂರನೆಯದು ಕಾನೂನು ಮತ್ತು ಮಾರುಕಟ್ಟೆ. ಕೆಲವು ಬಗೆಯ ಬಟ್ಟೆಗಳನ್ನು ಕೈಮಗ್ಗಕ್ಕೆ ಮಾತ್ರ ಮೀಸಲಿಡುವ ಕಾಯಿದೆ ೧೯೮೫ರಲ್ಲಿ ಆಯಿತು. ಕೈಮಗ್ಗದವನನ್ನು ವಿದ್ಯುತ್ ಮಗ್ಗದಿಂದ ರಕ್ಷಿಸುವುದು ಅದರ ಗುರಿ. ಇಂದು ಮನೆಯ ವಿದ್ಯುತ್ ಮಗ್ಗದವನೇ ಸೂರತ್ತಿನ ಅಗ್ಗದ ಸೀರೆಯ ಪೈಪೋಟಿಗೆ ಸಿಕ್ಕಿದ್ದಾನೆ. ೨೦೨೦ರ ಸಾಂಕ್ರಾಮಿಕ ರೋಗದ ಕಾಲದಲ್ಲಿ ಮಗ್ಗಗಳು ನಿಂತಾಗ ಸದ್ದಡಗಿದ ಬೀದಿ ಎಂಥದೆಂಬುದನ್ನು ಈ ಊರು ಕಂಡಿದೆ. ನಾಲ್ಕನೆಯದು ಭೂಮಿಯ ಬೆಲೆ. ನೆರೆಯ ದೇವನಹಳ್ಳಿಯ ಬಳಿ ೨೦೦೮ರಲ್ಲಿ ಅಂತರರಾಷ್ಟ್ರೀಯ ವಿಮಾನನಿಲ್ದಾಣ ಆರಂಭವಾದಂದಿನಿಂದ ಈ ಪ್ರದೇಶದಲ್ಲಿ ನಿವೇಶನಗಳ ಬೆಲೆ ಏರಿದೆ. ಸ್ಪಿಟಲ್‌ಫೀಲ್ಡ್ಸಿನಲ್ಲಿ ಕಸುಬು ಅಳಿದ ಮೇಲೆ ಮನೆಯ ಬೆಲೆ ಏರಿತು. ಇಲ್ಲಿ ಕಸುಬು ಇರುವಾಗಲೇ ಏರುತ್ತಿದೆ.

೭

ಇಷ್ಟನ್ನೂ ಗಮನದಲ್ಲಿಟ್ಟರೆ ನಡಿಗೆಯ ನಿಯಮಗಳು ತಾವಾಗಿಯೇ ಸಿದ್ಧವಾಗುತ್ತವೆ. ಮಗ್ಗದ ಮೇಲೆ ಕೈಯಾಡಿಸಿದವರೇ ಮಾರ್ಗದರ್ಶಿಗಳಾಗಬೇಕು. ಅಧ್ಯಾಪಕರು ಜೊತೆಗಿದ್ದು ಪ್ರಶ್ನೆ ಕೇಳಲಿ. ಗುಂಪು ಚಿಕ್ಕದಾಗಿರಬೇಕು, ಏಕೆಂದರೆ ಮಗ್ಗದ ಕೋಣೆಯಲ್ಲಿ ಐದಾರು ಜನಕ್ಕಿಂತ ಹೆಚ್ಚು ನಿಲ್ಲಲು ಸ್ಥಳವಿರುವುದಿಲ್ಲ. ಮನೆಯವರ ಒಪ್ಪಿಗೆಯನ್ನು ಮೊದಲೇ ಪಡೆಯಬೇಕು. ಒಪ್ಪಿಗೆಯಿಲ್ಲದೆ ಛಾಯಾಚಿತ್ರ ತೆಗೆಯಬಾರದು. ಸೆರಗಿನ ವಿನ್ಯಾಸವೆಂಬುದು ನೇಕಾರನ ಬಂಡವಾಳ. ಅದರ ಚಿತ್ರ ಹೊರಗೆ ಹೋದರೆ ಬೇರೆಡೆ ಅದನ್ನೇ ಅಗ್ಗವಾಗಿ ಅಚ್ಚುಹಾಕುವವರಿದ್ದಾರೆ. ಮಗ್ಗ ನಿಲ್ಲಿಸಿ ವಿವರಿಸಿದ ಹೊತ್ತಿಗೆ ಕೂಲಿ ಸಲ್ಲಬೇಕು. ಅದು ಕಾಣಿಕೆಯಲ್ಲ, ನಷ್ಟವಾದ ದುಡಿಮೆಯ ಲೆಕ್ಕ. ವಿದ್ಯಾರ್ಥಿಗಳು ಬರೆದುಕೊಂಡುದನ್ನು ಆ ಮನೆಯವರಿಗೆ ಓದಿ ಹೇಳಿ ತಪ್ಪುಗಳನ್ನು ತಿದ್ದಿಸಿಕೊಳ್ಳುವುದು ಅವಶ್ಯ.

ಕೆಲವರು ಇಷ್ಟು ನಿಯಮಗಳಿದ್ದರೆ ನಡಿಗೆಯ ಸಂತೋಷ ಉಳಿಯುವುದೇ ಎಂದು ಕೇಳಬಹುದು. ಉಟ್ಟ ಸೀರೆಯ ಒಂದು ಅಂಗುಲದ ಹಿಂದೆ ಎಷ್ಟು ಹೊಕ್ಕುಗಳಿವೆಯೆಂದು ಎಣಿಸಿ ನೋಡಿದವರಿಗೆ ಆ ಸಂತೋಷ ಕಡಮೆಯಾಗಲಾರದು.

ಕಲೆಯ ಬಡಾವಣೆ ಎಂದರೆ ಕಲೆಯನ್ನು ಮಾರುವ ಸ್ಥಳವೆಂದೂ ನೋಡುವ ಸ್ಥಳವೆಂದೂ ಇಂದು ಅರ್ಥವಾಗುತ್ತಿದೆ. ಕಲೆಯನ್ನು ಮಾಡುವ ಸ್ಥಳವೆಂಬುದು ಅದರ ಮೊದಲ ಅರ್ಥ. ಆ ಅರ್ಥದಲ್ಲಿ ದೊಡ್ಡಬಳ್ಳಾಪುರದ ನೇಕಾರರ ಬೀದಿಗಳು ನಮ್ಮ ನಾಡಿನ ಕಲೆಯ ಬಡಾವಣೆಗಳು. ಅವುಗಳ ಅಧ್ಯಯನವನ್ನು ಕೈಗೊಳ್ಳುವ ವಿಭಾಗಗಳು ಬೇಗನೆ ಕೈಗೊಳ್ಳುವುದು ಮೇಲು. ನಡಿಗೆ ಫಲಿಸಿತೆ ಇಲ್ಲವೆ ಎಂಬುದನ್ನು ಬಂದುಹೋದವರ ಸಂಖ್ಯೆಯಿಂದ ಅಳೆಯಬಾರದು. ಹತ್ತು ವರ್ಷಗಳ ಮೇಲೆ ಅದೇ ಬಾಗಿಲಲ್ಲಿ ನಿಂತಾಗ ಒಳಗೆ ಮಗ್ಗ ನಡೆಯುತ್ತಿದೆಯೆ ಎಂಬುದೇ ಅದರ ಅಳತೆ.