ಯುದ್ಧವಿಲ್ಲದಾಗಲೂ ವಾಯುಪಡೆಯ ವಿಮಾನ ಬೀಳುವುದೇಕೆ?

ಕುರನೂರ, ಅಕ್ಕಲಕೋಟ ಕಡೆಯವರಿಗೆ ಬೀದರ ಹೊಸ ಊರೇನಲ್ಲ. ಅಲ್ಲಿನ ವಾಯುಪಡೆ ನೆಲೆಯಲ್ಲಿ ಎಳೆಯ ಪೈಲಟ್‌ಗಳು ಹಾಕ್ ವಿಮಾನದಲ್ಲಿ ಯುದ್ಧವಿಮಾನದ ಪಾಠ ಕಲಿಯುತ್ತಾರೆ. ಆಕಾಶದಲ್ಲಿ ಕಸರತ್ತು ತೋರಿಸುವ 'ಸೂರ್ಯಕಿರಣ' ತಂಡದ ನೆಲೆಯೂ ಅದೇ. ಈ ತಂಡದ ಇಬ್ಬರು ಪೈಲಟ್‌ಗಳು 2006ರ ಮಾರ್ಚ್‌ನಲ್ಲಿ ಬೀದರ ಬಳಿ ವಿಮಾನ ಬಿದ್ದು ಸತ್ತರು. 2009ರ ಜನವರಿಯಲ್ಲಿ ಅಲ್ಲೇ ಮತ್ತೊಬ್ಬರು ತೀರಿಕೊಂಡರು. 2019ರ ಫೆಬ್ರುವರಿ 19ರಂದು ಬೆಂಗಳೂರಿನ ಯಲಹಂಕದಲ್ಲಿ ವೈಮಾನಿಕ ಪ್ರದರ್ಶನದ ತಾಲೀಮು ನಡೆದಾಗ ತಂಡದ ಎರಡು ವಿಮಾನಗಳು ಡಿಕ್ಕಿಯಾಗಿ ವಿಂಗ್ ಕಮಾಂಡರ್ ಸಾಹಿಲ್ ಗಾಂಧಿ ಮೃತಪಟ್ಟರು.

ಬೆಳಗಾವಿಯ ವಿಂಗ್ ಕಮಾಂಡರ್ ಹನುಮಂತರಾವ್ ಸಾರಥಿ ಅವರದೂ ಇಂಥದೇ ಸಾವು. 2023ರ ಜನವರಿ 28ರಂದು ಗ್ವಾಲಿಯರ್ ನೆಲೆಯಿಂದ ತರಬೇತಿಗೆ ಹಾರಿದ್ದ ಸುಖೋಯ್-30 ಮತ್ತು ಮಿರಾಜ್-2000 ಅಪಘಾತಕ್ಕೀಡಾದವು. ಸುಖೋಯ್‌ನ ಇಬ್ಬರು ಪೈಲಟ್‌ಗಳು ಜಿಗಿದು ಬದುಕಿದರು. ಮಿರಾಜ್‌ನಲ್ಲಿದ್ದ ಸಾರಥಿ ಉಳಿಯಲಿಲ್ಲ. ಅವಶೇಷಗಳು ಮಧ್ಯಪ್ರದೇಶದ ಮೊರೇನಾ ಮತ್ತು ರಾಜಸ್ಥಾನದ ಭರತಪುರ ಎರಡೂ ಕಡೆ ಬಿದ್ದವು.

ಇವರಲ್ಲಿ ಯಾರೂ ಶತ್ರುವಿನ ಗುಂಡಿಗೆ ಸತ್ತವರಲ್ಲ. ತರಬೇತಿಯಲ್ಲಿ, ತಾಲೀಮಿನಲ್ಲಿ ಹೋದವರು. ಸಂಸದೀಯ ಸಮಿತಿಯ ಮುಂದೆ ಬಂದ ಲೆಕ್ಕದಂತೆ 2017ರಿಂದ 2022ರ ಐದು ವರ್ಷಗಳಲ್ಲಿ ವಾಯುಪಡೆಯಲ್ಲಿ 34 ಅಪಘಾತಗಳಾದವು.

ಕಾರಣಗಳೇನು?

ಒಂದು, ಹಾರಾಟದ ರೀತಿ. ಯುದ್ಧವಿಮಾನ ಬಹಳ ವೇಗವಾಗಿ, ಕೆಲವೊಮ್ಮೆ ನೆಲಕ್ಕೆ ತೀರಾ ಹತ್ತಿರ, ಇನ್ನೊಂದು ವಿಮಾನದ ಪಕ್ಕದಲ್ಲೇ ಹಾರಬೇಕು. ಅಲ್ಲಿ ಕ್ಷಣಮಾತ್ರದ ತಪ್ಪನ್ನೂ ತಿದ್ದಿಕೊಳ್ಳಲು ಸಮಯವಿರುವುದಿಲ್ಲ.

ಎರಡು, ಹವಾಮಾನ. 2021ರ ಡಿಸೆಂಬರ್ 8ರಂದು ಕುನೂರಿನ ಬಳಿ ಜನರಲ್ ಬಿಪಿನ್ ರಾವತ್ ಅವರಿದ್ದ ಎಂಐ-17 ಹೆಲಿಕಾಪ್ಟರ್ ಬಿದ್ದು ಅದರಲ್ಲಿದ್ದ 14 ಜನರೂ ಜೀವ ಕಳೆದುಕೊಂಡರು. ಯಂತ್ರ ಕೆಟ್ಟಿರಲಿಲ್ಲ, ವಿಧ್ವಂಸಕ ಕೃತ್ಯವೂ ಅಲ್ಲ ಎಂದು ತನಿಖೆ ಹೇಳಿತು. ಕಣಿವೆಯಲ್ಲಿ ಹವೆ ದಿಢೀರನೆ ಬದಲಾಗಿ ಹೆಲಿಕಾಪ್ಟರ್ ಮೋಡದೊಳಗೆ ಹೊಕ್ಕಿತು, ಪೈಲಟ್‌ಗೆ ದಿಕ್ಕುಗೆಟ್ಟಿತು. ಕಣ್ಣಿಗೆ ನೆಲ ಕಾಣದಾಗ ಕಿವಿಯೊಳಗಿನ ಸಮತೋಲನದ ಅಂಗ ಮೋಸಮಾಡುತ್ತದೆ. ವಾಲಿದ್ದರೂ ನೇರವಾಗಿದ್ದೇವೆ ಅನಿಸುತ್ತದೆ.

ಮೂರು, ಯಂತ್ರದೋಷ ಮತ್ತು ಹಕ್ಕಿ. ನಮ್ಮ ಕೆರೆ-ಅಣೆಕಟ್ಟೆಗಳ ಮೇಲೆ ಹಾರುವಂಥ ಒಂದು ಹಕ್ಕಿ ಎಂಜಿನ್ನಿನೊಳಗೆ ಸೆಳೆದುಕೊಂಡರೂ ಅದರ ಬ್ಲೇಡುಗಳು ಮುರಿಯಬಹುದು. ವಿಮಾನ ನಿಲ್ದಾಣದ ಸುತ್ತ ಮಾಂಸದ ತ್ಯಾಜ್ಯ ಎಸೆಯಬಾರದೆನ್ನುವುದು ಇದಕ್ಕೇ.

ನಾಲ್ಕು, ವಿಧಾನದ ದೋಷ. 2009ರ ಮಾರ್ಚ್ 6ರಂದು ಬಿಡದಿ ಬಳಿ 'ಸರಸ್' ಪ್ರಾಯೋಗಿಕ ವಿಮಾನ ಬಿದ್ದು ವಾಯುಪಡೆಯ ಮೂವರು ಸತ್ತರು. ಹಾರುತ್ತಲೇ ಎಂಜಿನ್ ಬಂದ್ ಮಾಡಿ ಮತ್ತೆ ಚಾಲೂ ಮಾಡುವ ಪರೀಕ್ಷೆ ಅದು. ವಿನ್ಯಾಸಕಾರರು ರೂಪಿಸಿಕೊಟ್ಟ ವಿಧಾನವೇ ತಪ್ಪಾಗಿತ್ತು, ಎತ್ತರವೂ ಸಾಲದಾಗಿತ್ತು ಎಂದು ತನಿಖೆ ತಿಳಿಸಿತು.

ಆದ್ದರಿಂದ 'ಪೈಲಟ್ ತಪ್ಪು' ಎಂದು ಒಂದೇ ಮಾತಿನಲ್ಲಿ ಮುಗಿಸುವುದು ಸರಿಯಲ್ಲ. ಅವನ ಕೈಗೆ ವಿಮಾನ ಕೊಟ್ಟವರು, ರಿಪೇರಿ ಮಾಡಿದವರು, ವಿಧಾನ ಬರೆದವರು, ಆ ದಿನದ ಹವೆ ಎಲ್ಲವೂ ಲೆಕ್ಕಕ್ಕೆ ಬರಬೇಕು. ಸಾಮಾನ್ಯವಾಗಿ ಎರಡು-ಮೂರು ಸಣ್ಣ ದೋಷಗಳು ಒಂದೇ ಹೊತ್ತಿಗೆ ಕೂಡಿದಾಗಲೇ ದೊಡ್ಡ ಅನಾಹುತವಾಗುತ್ತದೆ.

ಪೈಲಟ್ ಜಿಗಿದು ಪಾರಾಗಲಾರನೇ ಎಂದು ಕೇಳಬಹುದು. ಯುದ್ಧವಿಮಾನದ ಆಸನದ ಕೆಳಗೆ ರಾಕೆಟ್ ಇರುತ್ತದೆ. ಹಿಡಿಕೆ ಎಳೆದರೆ ಆಸನ ಸಮೇತ ಹೊರಗೆ ಚಿಮ್ಮುತ್ತಾನೆ. ಆದರೆ ವಿಮಾನ ತಲೆಕೆಳಗಾಗಿದ್ದರೆ, ನೆಲದತ್ತ ವೇಗವಾಗಿ ಧುಮುಕುತ್ತಿದ್ದರೆ ಪ್ಯಾರಾಚೂಟ್ ಬಿಚ್ಚಿಕೊಳ್ಳಲು ಹೊತ್ತು ಸಾಲದು. ಎಂಐ-17ರಂಥ ಹೆಲಿಕಾಪ್ಟರ್‌ನಲ್ಲಿ ಈ ಆಸನವೇ ಇಲ್ಲ.

ಹಳ್ಳಿಯವರಿಗೂ ಇದು ದೂರದ ಸುದ್ದಿಯಲ್ಲ. 2023ರ ಮೇ 8ರಂದು ರಾಜಸ್ಥಾನದ ಹನುಮಾನಗಢ ಜಿಲ್ಲೆಯಲ್ಲಿ ಮಿಗ್-21 ಮನೆಯ ಮೇಲೆ ಬಿದ್ದು ಮೂವರು ಹೆಣ್ಣುಮಕ್ಕಳು ಸತ್ತರು. ಪೈಲಟ್ ಬದುಕಿದ. 2024ರ ಜೂನ್ 4ರಂದು ನಮ್ಮದೇ ಮಹಾರಾಷ್ಟ್ರದ ನಾಶಿಕ್ ಜಿಲ್ಲೆ ನಿಫಾಡ ತಾಲೂಕಿನ ಶಿರಸಗಾಂವದಲ್ಲಿ ಸುಖೋಯ್ ಹೊಲಕ್ಕೆ ಬಿತ್ತು. ಪೈಲಟ್‌ಗಳಿಬ್ಬರೂ ಪಾರಾದರು.

ನಿಮ್ಮ ಶಿವಾರದಲ್ಲೇ ಹೀಗಾದರೆ ಮೊದಲು 112ಕ್ಕೆ ಫೋನ್ ಮಾಡಿ. ಊರು ಮತ್ತು ಜಾಗ ಸ್ಪಷ್ಟವಾಗಿ ಹೇಳಿ. ಉರಿಯುವ ವಿಮಾನದ ಹತ್ತಿರ ಹೋಗಬೇಡಿ, ಹೊಗೆಗೆ ಎದುರಾಗಿ ನಿಲ್ಲಬೇಡಿ. ಆಸನದಲ್ಲಿ ಸಿಡಿಯದ ಮದ್ದು ಉಳಿದಿರಬಹುದು. ಪ್ಯಾರಾಚೂಟ್‌ನಲ್ಲಿ ಇಳಿದ ಪೈಲಟ್‌ನ ಬೆನ್ನುಮೂಳೆಗೆ ಪೆಟ್ಟಾಗಿರಬಹುದು, ಎಬ್ಬಿಸಿ ನಿಲ್ಲಿಸದೆ ಮಲಗಿದಲ್ಲೇ ಬಿಡಿ. ಬೆಂಕಿ ಅವನತ್ತ ಬರುತ್ತಿದ್ದರೆ ಮಾತ್ರ ಸರಿಸಿ.

ಬಿದ್ದ ಒಂದು ತುಂಡನ್ನೂ ಮನೆಗೆ ಒಯ್ಯಬೇಡಿ, ಗುಜರಿಗೆ ಹಾಕಬೇಡಿ. 'ಕಪ್ಪು ಪೆಟ್ಟಿಗೆ' ಎನ್ನುವ ದಾಖಲೆ ಯಂತ್ರದ ಬಣ್ಣ ಸಾಮಾನ್ಯವಾಗಿ ಕಿತ್ತಳೆ. ವಿಮಾನ ಯಾಕೆ ಬಿತ್ತೆಂದು ಹೇಳುವುದು ಅದು ಮತ್ತು ಹೊಲದಲ್ಲಿ ಚೆಲ್ಲಿದ ತುಂಡುಗಳು. ಅವು ಕೈತಪ್ಪಿದರೆ ಕಾರಣ ತಿಳಿಯದೇ ಉಳಿಯುತ್ತದೆ, ಅದೇ ದೋಷ ಮುಂದೆ ಇನ್ನೊಬ್ಬ ಪೈಲಟ್‌ನ ಜೀವ ತೆಗೆಯಬಹುದು.