ಉಳಿತಾಯ ಪುಸ್ತಕವೋ, ಪ್ರಯಾಣದ ಪೆಟ್ಟಿಗೆಯೋ?

ಊರಿನಲ್ಲಿ ಕೆಲಸವಿಲ್ಲವೆಂದು ಮಕ್ಕಳು ಪರಸ್ಥಳಕ್ಕೆ ಹೊರಡುವುದು ನಮ್ಮ ಕುಟುಂಬಗಳಿಗೆ ಹೊಸ ಅನುಭವವೇನೂ ಅಲ್ಲ. ಒಂದು ತಲೆಮಾರು ಮುಂಬಯಿಯ ದಾರಿ ಹಿಡಿಯಿತು. ಮುಂದಿನ ತಲೆಮಾರಿಗೆ ಕೊಲ್ಲಿ ರಾಷ್ಟ್ರಗಳ ಬಾಗಿಲು ತೆರೆಯಿತು. ಈಗಿನವರ ಮಾತಿನಲ್ಲಿ ಇನ್ನೂ ದೂರದ ದೇಶಗಳ ಹೆಸರು ಕೇಳಿಬರುತ್ತದೆ. ಹೋದವರು ಕಳುಹಿಸಿದ ಹಣದಿಂದ ಇಲ್ಲಿ ಮನೆಗಳು ಎದ್ದವು, ತಂಗಿಯರ ಮದುವೆಗಳು ನಡೆದವು, ತಮ್ಮಂದಿರ ವಿದ್ಯಾಭ್ಯಾಸ ಸಾಗಿತು. ಆ ತ್ಯಾಗವನ್ನು ಯಾರೂ ಅಲ್ಲಗಳೆಯಲಾರರು. ಆದರೆ ಮುಪ್ಪಿನ ತಂದೆತಾಯಿ ಇಬ್ಬರೇ ಉಳಿದಿರುವ ದೊಡ್ಡ ಮನೆಗಳೂ ಆ ಹಣದ ಫಲವೇ ಆಗಿವೆ ಎಂಬುದನ್ನು ನಾವು ಮರೆಯುವಂತಿಲ್ಲ. ಉದ್ಯೋಗವನ್ನು ಅರಸಿ ಮಕ್ಕಳು ಊರು ಬಿಡುವುದರ ಬದಲು ಊರೇ ಉದ್ಯೋಗವನ್ನು ಹುಟ್ಟಿಸಬಲ್ಲದೇ?

ಸ್ಪೇನ್ ದೇಶದ ಉತ್ತರ ಭಾಗದಲ್ಲಿ, ಬಾಸ್ಕ್ ಜನರ ಗುಡ್ಡಗಾಡು ಸೀಮೆಯಲ್ಲಿರುವ ಮೊಂಡ್ರಗೊನ್ ಎಂಬ ಸಣ್ಣ ಪಟ್ಟಣ ಈ ಪ್ರಶ್ನೆಗೆ ತನ್ನದೇ ಆದ ಉತ್ತರವನ್ನು ಕೊಟ್ಟಿದೆ. ಆ ಉತ್ತರದ ಮೂಲದಲ್ಲಿ ಒಬ್ಬ ಸಾಮಾನ್ಯ ಸಹಾಯಕ ಗುರು ನಿಂತಿದ್ದಾರೆ ಎಂಬುದು ನಮಗೆ ವಿಶೇಷ ಆಸಕ್ತಿಯ ಸಂಗತಿ.

ಯುದ್ಧದಿಂದ ಬಳಲಿದ ಊರು

ಫಾದರ್ ಹೋಸೆ ಮರಿಯಾ ಅರಿಸ್ಮೆಂಡಿಯರೀಟಾ ಅವರು 1915ರಲ್ಲಿ ರೈತ ಕುಟುಂಬವೊಂದರಲ್ಲಿ ಜನಿಸಿದರು. ಎಳವೆಯಲ್ಲಿಯೇ ಅಪಘಾತವೊಂದರಲ್ಲಿ ಎಡಗಣ್ಣನ್ನು ಕಳೆದುಕೊಂಡರು. 1936ರಲ್ಲಿ ಸ್ಪೇನಿನ ಅಂತರ್ಯುದ್ಧ ಆರಂಭವಾದಾಗ ಅವರಿನ್ನೂ ಗುರುಮಠದ ವಿದ್ಯಾರ್ಥಿ. ಬಾಸ್ಕ್ ಭಾಷೆಯ ಪತ್ರಿಕೆಯೊಂದರಲ್ಲಿ ದುಡಿದುದರಿಂದ 1937ರಲ್ಲಿ ಸೆರೆವಾಸ ಅನುಭವಿಸಿದರು. ಮರಣದಂಡನೆಯಿಂದ ಪಾರಾಗಿ ಬಂದ ಅವರು ಮತ್ತೆ ಗುರುಮಠವನ್ನು ಸೇರಿ, 1940ರಲ್ಲಿ ಗುರುದೀಕ್ಷೆ ಪಡೆದರು. ಮರುವರ್ಷ, 1941ರ ಫೆಬ್ರವರಿಯಲ್ಲಿ, ಮೊಂಡ್ರಗೊನ್ ಧರ್ಮಕೇಂದ್ರಕ್ಕೆ ಸಹಾಯಕ ಗುರುವಾಗಿ ಬಂದರು. ಅಲ್ಲಿಂದ ಮುಂದೆ 35 ವರ್ಷ, ಸಾಯುವವರೆಗೂ, ಬೇರೆ ಊರಿಗೆ ಹೋಗಲಿಲ್ಲ.

ಅವರು ಕಂಡದ್ದು ಯುದ್ಧದಲ್ಲಿ ಸೋತ ಪಕ್ಷದ ಊರನ್ನು. ಮನೆಮನೆಯಲ್ಲಿ ಹಸಿವಿತ್ತು, ನೆರೆಹೊರೆಯವರಲ್ಲಿ ಪರಸ್ಪರ ಸಂಶಯವಿತ್ತು. ಊರಿಗೆಲ್ಲ ಕೆಲಸ ಕೊಡುತ್ತಿದ್ದುದು ಹೆಚ್ಚಾಗಿ ಒಂದೇ ದೊಡ್ಡ ಕಾರ್ಖಾನೆ. ಅದಕ್ಕೊಂದು ತರಬೇತಿ ಶಾಲೆ ಇದ್ದರೂ ಅಲ್ಲಿ ಪ್ರವೇಶ ಸಿಗುತ್ತಿದ್ದುದು ಕಾರ್ಮಿಕರ ಮಕ್ಕಳ ಪೈಕಿ ಕೆಲವರಿಗೆ ಮಾತ್ರ. ಆ ಶಾಲೆಯನ್ನು ಎಲ್ಲರಿಗೂ ತೆರೆಯಬೇಕೆಂಬ ಕೋರಿಕೆಗೆ ಮನ್ನಣೆ ಸಿಗದೇ ಹೋದಾಗ, ಗುರುಗಳು ಊರವರನ್ನೇ ಕೇಳಲು ನಿರ್ಧರಿಸಿದರು.

ಅವರು ಕೇಳಿದ ರೀತಿಯೂ ವಿಶಿಷ್ಟವಾಗಿತ್ತು. ಬೀದಿಯ ಮೂಲೆಗಳಲ್ಲಿ ಮತಪೆಟ್ಟಿಗೆಗಳಂಥ ಪೆಟ್ಟಿಗೆಗಳನ್ನು ಇಡಲಾಯಿತು. ಹೊಸ ಶಾಲೆಗೆ ಬೆಂಬಲ ಕೊಡಬಯಸುವವರು ತಮ್ಮ ಹೆಸರನ್ನೂ, ತಾವು ಕೊಡಬಹುದಾದ ಹಣ ಅಥವಾ ದುಡಿಮೆಯನ್ನೂ ಚೀಟಿಯಲ್ಲಿ ಬರೆದು ಹಾಕಬೇಕಿತ್ತು. ಸುಮಾರು 600 ಚೀಟಿಗಳು ಬಂದವು. 1943ರಲ್ಲಿ 20 ಮಂದಿ ಹುಡುಗರೊಡನೆ ವೃತ್ತಿಶಿಕ್ಷಣ ಶಾಲೆ ಆರಂಭವಾಯಿತು. ಕೊಟ್ಟವರಿಗೆಲ್ಲ ಶಾಲೆಯ ಆಡಳಿತದಲ್ಲಿ ಪಾಲು ದೊರೆಯಿತು. ಮೊಂಡ್ರಗೊನ್‌ನಲ್ಲಿ ಮುಂದೆ ಬೆಳೆದ ಸಮಸ್ತವೂ ಈ ಶಾಲೆಯ ಬೇರಿನಿಂದಲೇ ಚಿಗುರಿತು. ಕಾರ್ಖಾನೆಗಿಂತ 13 ವರ್ಷ ಮೊದಲು ಶಾಲೆ ಹುಟ್ಟಿತೆಂಬುದನ್ನು ಇಲ್ಲಿ ಗಮನಿಸಬೇಕು.

ಐವರು ಯುವಕರು, ಒಂದು ಸ್ಟೌ

ಮೊದಲ ತಂಡದ ವಿದ್ಯಾರ್ಥಿಗಳಲ್ಲಿ 11 ಮಂದಿ ಕೆಲಸ ಮಾಡುತ್ತಲೇ ಓದಿ, ದೂರದ ಸರಗೋಸಾ ನಗರದ ತಾಂತ್ರಿಕ ವಿದ್ಯಾಲಯದ ಪರೀಕ್ಷೆಗಳಲ್ಲಿ ತೇರ್ಗಡೆಯಾದರು. ಊರಿನ ಕಾರ್ಖಾನೆಯಲ್ಲಿ ಅವರಿಗೆ ಒಳ್ಳೆಯ ಹುದ್ದೆಗಳೂ ಸಿಕ್ಕವು. ಆದರೆ ಕಾರ್ಮಿಕರಿಗೂ ಒಡೆತನದಲ್ಲಿ ಪಾಲಿರಬೇಕೆಂಬ ಅವರ ವಿಚಾರ ಅಲ್ಲಿ ನಡೆಯಲಿಲ್ಲ. ಕೊನೆಗೆ ಅವರಲ್ಲಿ ಐವರು ಕೆಲಸ ಬಿಟ್ಟು ಹೊರಬಂದರು. ಊರಿನ ಸುಮಾರು 100 ಮಂದಿ ನಂಬಿಕೆಯ ಮೇಲೆ ಅವರಿಗೆ ಹಣ ಕೊಟ್ಟರು. 1956ರಲ್ಲಿ ‘ಉಲ್ಗೊರ್’ ಎಂಬ ಸಂಸ್ಥೆ ತಲೆಯೆತ್ತಿತು. ಐವರ ಮನೆತನದ ಹೆಸರುಗಳ ಮೊದಲ ಅಕ್ಷರಗಳೇ ಆ ಹೆಸರಾದವು. ಅವರು ಮೊದಲು ತಯಾರಿಸಿದ ವಸ್ತು ಸೀಮೆಎಣ್ಣೆಯ ಸ್ಟೌ.

ದುಡಿಯುವವರೇ ಒಡೆಯರಾಗಿರುವ ಕಾರ್ಖಾನೆಗೆ ಯಾವ ಕಾನೂನಿನ ಚೌಕಟ್ಟು ಸರಿಹೊಂದುತ್ತದೆ ಎಂಬುದು ಆರಂಭದಲ್ಲಿ ಯಾರಿಗೂ ಸ್ಪಷ್ಟವಿರಲಿಲ್ಲ. ಬಹಳ ಶೋಧಿಸಿದ ಬಳಿಕ ಸಹಕಾರಿ ಸಂಘದ ರೂಪವೇ ಸೂಕ್ತವೆಂದು ಕಂಡುಬಂದು, 1959ರಲ್ಲಿ ಅದರ ನಿಯಮಾವಳಿ ಅಂಗೀಕಾರವಾಯಿತು.

ಊರಿನ ಹಣ ಊರಿನಲ್ಲೇ

ಅದೇ ವರ್ಷ ಗುರುಗಳು ಇನ್ನೊಂದು ಸಲಹೆಯನ್ನು ಮುಂದಿಟ್ಟರು: ನಮಗೆ ನಮ್ಮದೇ ಆದ ಬ್ಯಾಂಕ್ ಬೇಕು. ನಿನ್ನೆ ಮೊನ್ನೆ ಕಾರ್ಖಾನೆ ನಡೆಸಲು ಕಲಿತ ಯುವಕರು ಬ್ಯಾಂಕಿನ ಮಾತು ಕೇಳಿ ಹಿಂಜರಿದರು. ಆದರೆ ಗುರುಗಳು ಪಟ್ಟು ಬಿಡಲಿಲ್ಲ. 1959ರಲ್ಲಿ ‘ಕಾಹಾ ಲಬೊರಾಲ್’ ಎಂಬ ಕಾರ್ಮಿಕರ ಉಳಿತಾಯ ಬ್ಯಾಂಕ್ ಆರಂಭವಾಯಿತು. ಅದು ಜನರ ಮುಂದಿಟ್ಟ ಘೋಷಣೆ ಬಲು ಸರಳ: ಉಳಿತಾಯ ಪುಸ್ತಕವೋ, ಪ್ರಯಾಣದ ಪೆಟ್ಟಿಗೆಯೋ? ನಿಮ್ಮ ಹಣವನ್ನು ಇಲ್ಲಿಟ್ಟರೆ ಅದರಿಂದ ಇಲ್ಲಿ ಕೆಲಸ ಹುಟ್ಟುತ್ತದೆ. ಇಲ್ಲವಾದರೆ ಮಕ್ಕಳು ಪೆಟ್ಟಿಗೆ ಕಟ್ಟಿಕೊಂಡು ಹೊರಡಬೇಕಾಗುತ್ತದೆ ಎಂಬುದೇ ಅದರ ಅರ್ಥ. ಮನೆಮನೆಯ ಸಣ್ಣ ಉಳಿತಾಯಗಳು ಹೊಳೆಯಾಗಿ ಹರಿದುಬಂದವು.

ಈ ಬ್ಯಾಂಕ್ ಸಾಲ ಕೊಟ್ಟು ಕೈತೊಳೆದುಕೊಳ್ಳುವ ಬ್ಯಾಂಕ್ ಆಗಿರಲಿಲ್ಲ. ಹೊಸ ಉದ್ಯಮಗಳನ್ನು ಹುಟ್ಟಿಸುವುದಕ್ಕೆಂದೇ ಅಲ್ಲೊಂದು ವಿಭಾಗವಿತ್ತು. ಕೆಲವು ಮಂದಿ ಒಗ್ಗೂಡಿ, ಒಂದು ಯೋಜನೆಯನ್ನೂ ತಮ್ಮಲ್ಲೊಬ್ಬ ಮುಂದಾಳುವನ್ನೂ ಆರಿಸಿಕೊಂಡು ಬಂದರೆ, ಒಂದೂವರೆ ಎರಡು ವರ್ಷಗಳ ಕಾಲ ತಜ್ಞರು ಅವರೊಡನೆ ಕುಳಿತು ಮಾರುಕಟ್ಟೆ, ಯಂತ್ರ, ಲೆಕ್ಕಪತ್ರಗಳನ್ನೆಲ್ಲ ಪರಿಶೀಲಿಸುತ್ತಿದ್ದರು. ಆಮೇಲೆ ಹಣ ಬಿಡುಗಡೆಯಾಗುತ್ತಿತ್ತು. ಹಾಗಾಗಿ ಆರಂಭಿಸಿದ ಉದ್ಯಮಗಳು ಬಾಗಿಲು ಮುಚ್ಚಿದ್ದು ಅಪರೂಪ.

ಸಹಕಾರಿಗಳ ಸದಸ್ಯರು ಸ್ವಂತ ಉದ್ಯೋಗಸ್ಥರೆಂಬ ಕಾರಣಕ್ಕೆ ಸರಕಾರದ ಸಾಮಾಜಿಕ ವಿಮೆಯಿಂದ ಹೊರಗುಳಿದಾಗ, ತಮ್ಮದೇ ಆದ ‘ಲಗುನ್ ಅರೊ’ ಎಂಬ ವಿಮಾ ವ್ಯವಸ್ಥೆಯನ್ನೂ ಕಟ್ಟಿಕೊಂಡರು. 1966ರಲ್ಲಿ ವಿದ್ಯಾರ್ಥಿಗಳು ಅರ್ಧ ದಿನ ದುಡಿದು ಅರ್ಧ ದಿನ ಓದುವ ಸಹಕಾರಿ ಬಂದಿತು. ಪೂರ್ಣಾವಧಿ ದುಡಿಮೆಗೆ ಹೋಗಲಾಗದ ವಿವಾಹಿತ ಮಹಿಳೆಯರಿಗಾಗಿ, ಅಡುಗೆ ಮತ್ತು ಶುಚಿತ್ವದ ಕೆಲಸಗಳ ಪ್ರತ್ಯೇಕ ಸಹಕಾರಿ 1969ರಲ್ಲಿ ಹುಟ್ಟಿತು. 1974ರಲ್ಲಿ ಸಂಶೋಧನಾ ಕೇಂದ್ರ, 1997ರಲ್ಲಿ ವಿಶ್ವವಿದ್ಯಾನಿಲಯ. ಇಂದು ಮೊಂಡ್ರಗೊನ್ ಹೆಸರಿನಡಿಯಲ್ಲಿ ಸುಮಾರು 80 ಸಹಕಾರಿಗಳು, 70,000ದಷ್ಟು ಉದ್ಯೋಗಿಗಳು ಇದ್ದಾರೆ.

ಹೇಗೆ ನಡೆಯುತ್ತದೆ?

ಪ್ರತಿಯೊಬ್ಬ ಸದಸ್ಯನೂ ಸೇರುವಾಗ ಬಂಡವಾಳದ ಒಂದು ಪಾಲನ್ನು ಕೊಡಬೇಕು; ಕೈಯಲ್ಲಿ ಇಲ್ಲದವರು ಸಂಬಳದಿಂದ ಕಂತುಗಳಲ್ಲಿ ತುಂಬಬಹುದು. ಪಾಲು ಎಷ್ಟೇ ಇರಲಿ, ಮಹಾಸಭೆಯಲ್ಲಿ ಒಬ್ಬರಿಗೆ ಒಂದೇ ಮತ. ಸದಸ್ಯರೇ ಆಡಳಿತ ಮಂಡಳಿಯನ್ನು ಚುನಾಯಿಸುತ್ತಾರೆ. ಮಂಡಳಿ ವ್ಯವಸ್ಥಾಪಕರನ್ನು ನೇಮಿಸುತ್ತದೆ. ಆರಂಭದಲ್ಲಿ ಅತಿ ಕಡಿಮೆ ಸಂಬಳಕ್ಕೂ ಅತಿ ಹೆಚ್ಚಿನ ಸಂಬಳಕ್ಕೂ ಇದ್ದ ಅಂತರ ಒಂದಕ್ಕೆ ಮೂರು ಮಾತ್ರ. ಅದು ಮುಂದೆ ಒಂದಕ್ಕೆ ಆರರವರೆಗೆ ಏರಿತು. ಹೀಗಿದ್ದರೂ ಖಾಸಗಿ ಕಂಪೆನಿಗಳ ಅಂತರಕ್ಕೆ ಹೋಲಿಸಿದರೆ ಇದು ಅತ್ಯಲ್ಪ.

ಲಾಭದಲ್ಲಿ ಒಂದು ಭಾಗ ಶಿಕ್ಷಣ ಹಾಗೂ ಸಮಾಜಸೇವೆಗೆ, ಒಂದು ಭಾಗ ಸಂಘದ ಮೀಸಲು ನಿಧಿಗೆ ಹೋಗುತ್ತದೆ. ಉಳಿದದ್ದು ಸದಸ್ಯರ ಹೆಸರಿಗೆ ಜಮೆಯಾಗುತ್ತದೆಯಾದರೂ ಅದನ್ನು ಕೈಗೆ ಕೊಡುವುದು ನಿವೃತ್ತಿಯಾದಾಗ ಅಥವಾ ಸಂಘ ಬಿಟ್ಟಾಗ. ಅಲ್ಲಿಯತನಕ ಆ ಹಣ ಇನ್ನೊಬ್ಬರಿಗೆ ಕೆಲಸ ಕೊಡುವ ಬಂಡವಾಳವಾಗಿ ದುಡಿಯುತ್ತಿರುತ್ತದೆ. ಬಂಡವಾಳಕ್ಕಿಂತ ದುಡಿಮೆಗೆ ಪ್ರಾಶಸ್ತ್ಯವಿರಬೇಕೆಂದು ಎರಡನೆಯ ಜಾನ್ ಪೌಲ್ ಜಗದ್ಗುರುಗಳು 1981ರ ತಮ್ಮ ವಿಶ್ವಪತ್ರದಲ್ಲಿ ಬೋಧಿಸಿದರು. 1891ರಲ್ಲಿ ಹದಿಮೂರನೆಯ ಲಿಯೋ ಜಗದ್ಗುರುಗಳು ಕಾರ್ಮಿಕರ ಪರವಾಗಿ ಎತ್ತಿದ ಧ್ವನಿಯೇ ಈ ಬೋಧನೆಯ ಮೂಲ. 2025ರಲ್ಲಿ ಆಯ್ಕೆಯಾದ ಈಗಿನ ಜಗದ್ಗುರುಗಳು ಲಿಯೋ ಎಂಬ ಹೆಸರನ್ನೇ ಆರಿಸಿಕೊಂಡದ್ದಕ್ಕೂ ಅದೇ ಕಾರಣವನ್ನು ಹೇಳಿದ್ದಾರೆ. ಸಭೆಯ ಆ ಬೋಧನೆಯನ್ನು ಮೊಂಡ್ರಗೊನ್ ಲೆಕ್ಕಪುಸ್ತಕದೊಳಗೆ ತಂದು ತೋರಿಸಿತು.

ಎಡವಿದ್ದೂ ಉಂಟು

ಇಷ್ಟನ್ನೇ ಹೇಳಿ ನಿಲ್ಲಿಸಿದರೆ ಅರ್ಧ ಸತ್ಯವನ್ನು ಹೇಳಿದಂತಾಗುತ್ತದೆ. 1974ರಲ್ಲಿ ಉಲ್ಗೊರ್‌ನಲ್ಲಿಯೇ ಮುಷ್ಕರ ನಡೆಯಿತು. ಅದರ ಮುಂದಾಳುಗಳನ್ನು ಸದಸ್ಯತ್ವದಿಂದ ಹೊರಹಾಕಲಾಯಿತು. ಕೆಲವು ವರ್ಷಗಳ ಬಳಿಕ ಅವರಿಗೆ ಮತ್ತೆ ಬಾಗಿಲು ತೆರೆಯಿತಾದರೂ, ಒಡೆಯರೂ ದುಡಿಯುವವರೂ ಒಂದೇ ಆದಲ್ಲಿಯೂ ಮನಸ್ತಾಪ ಹುಟ್ಟಬಲ್ಲದೆಂಬುದು ಸ್ಪಷ್ಟವಾಯಿತು. ಮುಂದೆ ಪರದೇಶಗಳಲ್ಲಿ ಕಾರ್ಖಾನೆಗಳನ್ನು ತೆರೆದಾಗ ಅಲ್ಲಿನ ಕಾರ್ಮಿಕರಿಗೆ ಸದಸ್ಯತ್ವ ದೊರೆಯಲಿಲ್ಲವೆಂಬ ಆಕ್ಷೇಪ ಇಂದಿಗೂ ಇದೆ.

ಎಲ್ಲಕ್ಕಿಂತ ದೊಡ್ಡ ಆಘಾತ 2013ರದು. ಉಲ್ಗೊರ್‌ನ ಉತ್ತರಾಧಿಕಾರಿಯಾಗಿ ಬೆಳೆದಿದ್ದ, ಗೃಹೋಪಯೋಗಿ ಯಂತ್ರಗಳನ್ನು ತಯಾರಿಸುತ್ತಿದ್ದ ‘ಫಾಗೊರ್’ ಸಹಕಾರಿ ದಿವಾಳಿಯಾಯಿತು. 2005ರಲ್ಲಿ ಫ್ರಾನ್ಸಿನ ಕಂಪೆನಿಯೊಂದನ್ನು ಕೊಳ್ಳಲು ಮಾಡಿದ ಸಾಲ ಹೆಗಲ ಮೇಲಿತ್ತು. 2008ರ ಬಳಿಕ ಸ್ಪೇನಿನಲ್ಲಿ ಮನೆ ಕಟ್ಟುವ ವ್ಯವಹಾರ ಕುಸಿದು ಯಂತ್ರಗಳಿಗೆ ಬೇಡಿಕೆ ಇಲ್ಲವಾಯಿತು. ಸೋದರ ಸಹಕಾರಿಗಳು ಹಲವು ಬಾರಿ ಹಣ ಕೊಟ್ಟವು. ಕಡೆಗೆ ಇನ್ನು ಸಾಧ್ಯವಿಲ್ಲವೆಂದವು. ತಮ್ಮ ಪಾಲನ್ನೂ ಉಳಿತಾಯವನ್ನೂ ಅಲ್ಲಿಟ್ಟಿದ್ದ ಕುಟುಂಬಗಳು ಅಪಾರ ನಷ್ಟ ಅನುಭವಿಸಿದವು. ಆದರೂ ಕೆಲಸ ಕಳೆದುಕೊಂಡ ಸದಸ್ಯರನ್ನು ಬೀದಿಗೆ ಬಿಡಲಿಲ್ಲ. ಅವರಲ್ಲಿ ಬಹುಪಾಲು ಮಂದಿಗೆ ಬೇರೆ ಸಹಕಾರಿಗಳಲ್ಲಿ ಕೆಲಸ ಅಥವಾ ಅವಧಿಗೆ ಮುಂಚಿನ ನಿವೃತ್ತಿಯ ವ್ಯವಸ್ಥೆಯಾಯಿತು. 2022ರಲ್ಲಿ ಎರಡು ದೊಡ್ಡ ಸಹಕಾರಿಗಳು ಸದಸ್ಯರ ಮತದಾನದ ಮೂಲಕ ಒಕ್ಕೂಟದಿಂದ ಹೊರಬಂದವು. ಒಗ್ಗಟ್ಟನ್ನು ಒಮ್ಮೆ ಕಟ್ಟಿದರೆ ಸಾಲದು, ದಿನದಿನವೂ ಕಾಯಬೇಕು ಎಂಬುದಕ್ಕೆ ಇವು ಸಾಕ್ಷಿ.

ನಮಗೇನು ಪಾಠ?

ಸಹಕಾರದ ವಿಚಾರ ನಮ್ಮ ನಾಡಿಗೆ ಹೊರಗಿನಿಂದ ಈಗ ಬರಬೇಕಾದದ್ದಲ್ಲ. ಗದಗ ಸಮೀಪದ ಕಣಗಿನಹಾಳದಲ್ಲಿ ಸಿದ್ದನಗೌಡ ಸಣ್ಣರಾಮನಗೌಡ ಪಾಟೀಲರು 1905ರಲ್ಲಿಯೇ ಕೃಷಿ ಪತ್ತಿನ ಸಹಕಾರಿ ಸಂಘವನ್ನು ಸ್ಥಾಪಿಸಿದ್ದರು. ಮಂಗಳೂರಿನ ಕಥೊಲಿಕರು 1912ರಲ್ಲಿ ತಮ್ಮ ಸಹಕಾರಿ ಬ್ಯಾಂಕನ್ನು ಕಟ್ಟಿದರು. 1973ರಲ್ಲಿ ಅಡಿಕೆ ಬೆಳೆಗಾರರು ಕಟ್ಟಿಕೊಂಡ ಕ್ಯಾಂಪ್ಕೊ ಸಂಸ್ಥೆ ಮುಂದೆ ಪುತ್ತೂರಿನಲ್ಲಿ ಚಾಕೊಲೇಟ್ ಕಾರ್ಖಾನೆಯನ್ನೂ ತೆರೆದು, ಬೆಳೆ ಬೆಳೆಯುವಲ್ಲಿಯೇ ಕೆಲಸವೂ ಹುಟ್ಟಬಲ್ಲದೆಂದು ತೋರಿಸಿತು. ಹಣ ಕೂಡಿಸುವುದರಲ್ಲಿ, ಸಾಲ ಕೊಡುವುದರಲ್ಲಿ ನಾವು ಹಿಂದುಳಿದಿಲ್ಲ. ಕೂಡಿದ ಹಣವನ್ನು ಉದ್ಯೋಗವನ್ನಾಗಿ ಪರಿವರ್ತಿಸುವ ಹೆಜ್ಜೆಯಲ್ಲಿ ಮಾತ್ರ ನಮ್ಮ ನಡಿಗೆ ನಿಧಾನ. ಪರದೇಶದ ದುಡಿಮೆ ಬಹುಮಟ್ಟಿಗೆ ಗೋಡೆ, ಚಿನ್ನ, ಠೇವಣಿಗಳಲ್ಲಿ ನಿಂತುಬಿಡುತ್ತದೆ.

ಧರ್ಮಕೇಂದ್ರವೊಂದು ನಾಳೆಯೇ ಕಾರ್ಖಾನೆ ತೆರೆಯಬೇಕೆಂದು ಯಾರೂ ಹೇಳುವುದಿಲ್ಲ. ಮೊಂಡ್ರಗೊನ್ ಕೂಡ ಹಾಗೆ ಮಾಡಲಿಲ್ಲ. ಅದು ಮೊದಲು ಹುಡುಗರಿಗೆ ಕೈಕೆಲಸ ಕಲಿಸಿತು. ಬಳಿಕ ಊರವರ ನಂಬಿಕೆಯನ್ನು ಗಳಿಸಿತು. ಆನಂತರ ಹಣವನ್ನು ಕೂಡಿಸಿತು. ಈ ಕ್ರಮವನ್ನು ಅನುಸರಿಸುವುದು ನಮ್ಮ ಶಕ್ತಿಗೆ ಮೀರಿದ್ದಲ್ಲ. ಊರಿನಲ್ಲಿ ಎಷ್ಟು ಮಂದಿ ಯುವಜನರು ಯಾವ ವಿದ್ಯೆ ಕಲಿತು ಕೆಲಸವಿಲ್ಲದೆ ಇದ್ದಾರೆ, ಯಾವ ಬೆಳೆ ಬೆಲೆಯಿಲ್ಲದೆ ಹೊರಹೋಗುತ್ತಿದೆ, ಯಾವ ರಿಪೇರಿಗೆ, ಯಾವ ಸೇವೆಗೆ ನಾವು ಪಟ್ಟಣಕ್ಕೆ ಓಡುತ್ತಿದ್ದೇವೆ ಎಂಬ ಪಟ್ಟಿಯನ್ನು ಒಂದು ವಾಳೆಯ ಹತ್ತು ಮಂದಿ ಕುಳಿತು ಮಾಡಬಹುದು. ಪರದೇಶದಿಂದ ಅನುಭವ ಹೊತ್ತು ಮರಳಿದ ಕುಶಲಕರ್ಮಿಗಳು ನಮ್ಮಲ್ಲಿದ್ದಾರೆ. ಅವರಿಂದ ಕಲಿಯಬೇಕಾದ ಹುಡುಗರೂ ಇದ್ದಾರೆ. ಈ ಇಬ್ಬರನ್ನು ಒಂದೇ ಮೇಜಿನ ಮುಂದೆ ಕೂರಿಸುವುದು ಮೊದಲ ಕೆಲಸ. ಅಂಥ ಪ್ರಯತ್ನದಲ್ಲಿ ಬೇರೆ ಧರ್ಮದ ನೆರೆಯವರೂ ಜೊತೆಗೂಡಬೇಕು. ಊರು ಎಲ್ಲರದ್ದು, ಕೆಲಸವೂ ಎಲ್ಲರಿಗೆ ಬೇಕು.

ಫಾದರ್ ಅರಿಸ್ಮೆಂಡಿಯರೀಟಾ ಅವರು ಯಾವ ಸಹಕಾರಿಯಲ್ಲಿಯೂ ಅಧ್ಯಕ್ಷ ಪದವಿಯನ್ನು ವಹಿಸಿಕೊಳ್ಳಲಿಲ್ಲ. ಸೈಕಲ್ ಏರಿ ಊರು ಸುತ್ತಿದ ಆ ಗುರು 1976ರ ನವೆಂಬರ್ 29ರಂದು ಪ್ರಭುವಿನ ಪಾದ ಸೇರಿದರು. 2015ರಲ್ಲಿ ಫ್ರಾನ್ಸಿಸ್ ಜಗದ್ಗುರುಗಳು ಅವರನ್ನು ‘ಪೂಜ್ಯ’ರೆಂದು ಘೋಷಿಸಿದರು. ಬಲಿಪೀಠದಲ್ಲಿ ಅರ್ಪಿಸುವ ರೊಟ್ಟಿ ಭೂಮಿಯ ಫಲವೂ ಮಾನವ ದುಡಿಮೆಯ ಫಲವೂ ಆಗಿದೆ. ದುಡಿಯಲು ಸಿದ್ಧವಿರುವ ಕೈಗಳಿಗೆ ಊರಿನಲ್ಲಿ ಕೆಲಸವೇ ಇಲ್ಲವಾದರೆ ಆ ಕಾಣಿಕೆ ಅಪೂರ್ಣವೇ ಸರಿ. ಈ ವರ್ಷ ನಮ್ಮ ಮನೆಯ ಉಳಿತಾಯದ ಒಂದು ಚಿಕ್ಕ ಪಾಲಾದರೂ ಊರಿನ ಒಬ್ಬ ಹುಡುಗ ಅಥವಾ ಹುಡುಗಿಯ ಕೈಗೆ ಕಸುಬು ಕೊಡುವಂತಾಗಲಿ. ಅಲ್ಲಿಂದ ಮುಂದಿನ ದಾರಿಯನ್ನು ಆ ಕೈಗಳೇ ತೋರಿಸುವುವು.